ತಿಳಿ ಹೋದ ಮಾರನೇ ದಿನ

ನಮ್ಮೂರಿಗೆ ತಿಳಿ ಇಳಿಯುವುದು ಹುಣಸೆ ಬಡಿದು ಮುಗಿದ ಮೇಲೆ. ಇಂಥದೇ ದಿನ ಅಂತ ಪಂಚಾಂಗದಲ್ಲಿ ಇರುವುದಿಲ್ಲ. ಮೊದಲು ತೆಂಗಿನ ಗರಿಗಳು ಜೋತು ಬೀಳುವುದನ್ನು ಬಿಟ್ಟು ಮೇಲಕ್ಕೆ ನೆಟ್ಟಗೆ ನಿಲ್ಲುತ್ತವೆ. ಆಮೇಲೆ ಹಾರುತ್ತಿದ್ದ ಕಾಗೆಗಳು ರೆಕ್ಕೆ ಬಡಿಯುವುದನ್ನು ನಿಲ್ಲಿಸಿ, ಇದ್ದಲ್ಲೇ ಗಾಳಿಯಲ್ಲಿ ಕೂತು, ಯಾರಾದರೂ ನೋಡಿದರೇನೋ ಅಂತ ನಾಚಿಕೊಂಡು ಅತ್ತಿತ್ತ ಕತ್ತು ತಿರುಗಿಸುತ್ತವೆ. ಮಧ್ಯಾಹ್ನದ ಹೊತ್ತಿಗೆ ಮನೆಗಳ ತೊಲೆಗಳೆಲ್ಲ ಕಿರ್ ಅನ್ನುತ್ತವೆ. ಮಕ್ಕಳು ಬೀದಿಗೆ ಬಂದು “ತಿಳಿ ಬಂತು, ತಿಳಿ ಬಂತು” ಅಂತ ಕೂಗುತ್ತವೆ. ನಕ್ಷತ್ರಕ್ಕೂ ನಕ್ಷತ್ರಕ್ಕೂ ನಡುವೆ ತುಂಬಿಕೊಂಡಿರುತ್ತದಲ್ಲ, ಅದೇ ಇದು. ಗಂಜಿಯನ್ನು ಆರಲು ಇಟ್ಟರೆ ಅಗುಳು ಬೇರೆ ತಿಳಿ ಬೇರೆ ಆಗುವುದಿಲ್ಲವೇ, ಹಾಗೆ ನಕ್ಷತ್ರಗಳು ಅಗುಳಾದರೆ ಇದು ಅದರ ತಿಳಿ. ವರ್ಷಕ್ಕೆ ಐದು ದಿನ ನಮ್ಮೂರ ಮೇಲೆ ಬಂದು ಕೂರುತ್ತದೆ, ಎದ್ದು ಹೋಗುತ್ತದೆ. ನಿಮ್ಮೂರಿಗೆ ಮಾತ್ರ ಯಾಕೆ ಅಂತ ಕೇಳುವ ನೆಂಟರಿಗೆ ನಾವು ಉತ್ತರ ಕೊಡುವುದಿಲ್ಲ. ಇರುವುದೇ ಐದು ದಿನ, ಅಂಥ ಮಾತಿಗೆಲ್ಲ ಪುರಸೊತ್ತು ಯಾರಿಗಿದೆ?

ತಿಳಿಗೆ ಬಣ್ಣವಿಲ್ಲ, ವಾಸನೆಯಿಲ್ಲ, ಮುಟ್ಟಿದರೆ ಒದ್ದೆಯೂ ಆಗುವುದಿಲ್ಲ. ಮಜ್ಜಿಗೆ ಗಡಿಗೆಗೆ ಕೆನ್ನೆ ಒತ್ತಿದ ಹಾಗೆ ತಣ್ಣಗಿರುತ್ತದೆ, ಅಷ್ಟೆ. ಅದರೊಳಗೆ ನಿಂತು ತಲೆ ಎತ್ತಿದರೆ ಹಾಡುಹಗಲಲ್ಲೇ ನಕ್ಷತ್ರಗಳು ಕಾಣುತ್ತವೆ, ಒಂದೊಂದೂ ನಿಂಬೆಹಣ್ಣಿನ ಗಾತ್ರ. ಆ ಐದು ದಿನ ಯಾವುದಕ್ಕೂ ಭಾರ ಅನ್ನುವುದೇ ಇರುವುದಿಲ್ಲ. ಒರಳುಕಲ್ಲನ್ನು ಕಂಕುಳಲ್ಲಿ ಇಟ್ಟುಕೊಂಡು ಓಡಾಡಬಹುದು. ಕುಡಿಯುವ ನೀರು ಲೋಟದಲ್ಲಿ ನಿಲ್ಲದೆ ಉಂಡೆಯಾಗಿ ತೇಲುತ್ತದೆ, ಬಾಯಿ ಹಾಕಿ ಕಚ್ಚಿ ಕುಡಿಯಬೇಕು. ಕೂಸುಗಳ ಉಡಿದಾರಕ್ಕೆ ಹಗ್ಗ ಕಟ್ಟಿ ಕಂಬಕ್ಕೆ ಬಿಗಿಯುತ್ತೇವೆ. ದೊಡ್ಡವರು ಬೀದಿಯುದ್ದಕ್ಕೂ ಎಳೆದಿರುವ ಹಗ್ಗ ಹಿಡಿದು ನಡೆಯುತ್ತೇವೆ. ಆ ಹಗ್ಗ ಹೊಸೆಯುವವನು ನನ್ನ ಗಂಡ ಮುದ್ದಣ್ಣ. ಊರಿನಲ್ಲಿ ಒಬ್ಬರಾದರೂ ಇದುವರೆಗೆ ಮೇಲಕ್ಕೆ ಹೋಗಿ ಕಳೆದುಹೋಗಿಲ್ಲ ಅಂದರೆ ಅದು ಅವನ ಕೈಗುಣ. ನಾನು ಅವನ ಮುಂದೆ ಹಾಗೆ ಹೇಳಿಲ್ಲ, ಹೇಳಿದರೆ ತಲೆ ಮೇಲೆ ಕೂರುತ್ತಾನೆ.

ನಮ್ಮೂರ ಮನೆಗಳಿಗೆ ತಳಪಾಯ ಇರುವುದಿಲ್ಲ, ಯಾಕೆಂದರೆ ತಿಳಿಯಲ್ಲಿ ಮನೆಗಳೂ ಏಳುತ್ತವೆ. ಮೊಳಕಾಲಷ್ಟು ಎತ್ತರ ಎದ್ದು, ತೂಗಾಡುತ್ತ ನಿಲ್ಲುತ್ತವೆ. ಆಗ ಬೇಕಾದವರು ಮನೆಯನ್ನು ತಳ್ಳಿಸಿಕೊಂಡು ಬೇಕಾದ ಬೀದಿಗೆ ಹೋಗಬಹುದು. ವರ್ಷವೆಲ್ಲ ಜಗಳವಾಡಿದ ಅಣ್ಣತಮ್ಮಂದಿರು ದೂರ ಹೋಗುತ್ತಾರೆ, ಹೊಸದಾಗಿ ಬೀಗರಾದವರು ಹತ್ತಿರ ಬರುತ್ತಾರೆ. ಅದಕ್ಕೆ ಕಟ್ಟುಪಾಡುಗಳಿವೆ. ತನ್ನ ಮನೆಗೆ ತಾನೇ ಕೈ ಹಚ್ಚಬಾರದು, ಬೇರೆ ಹನ್ನೆರಡು ಮಂದಿ ಬಂದು ತಳ್ಳಬೇಕು. ಯಾರ ಪಕ್ಕಕ್ಕೆ ಹೋಗುತ್ತೀರೋ ಅವರು ಜಾಗದಲ್ಲಿ ರಂಗೋಲಿ ಎಳೆದು, ತಮ್ಮ ಹೊಸಿಲ ಮೇಲೆ ನಿಂತು ಬಾಯಿಬಿಟ್ಟು “ಬಾ” ಅನ್ನಬೇಕು. ಮುಂದೆ ಒಬ್ಬರು ನಿಂತು, ಮನೆ ತಿರುಗುವುದನ್ನು ನೋಡಿ, ಬಾಗಿಲು ಬೀದಿಗೆ ಬಂದಾಗ “ಇಳಿಸಿ” ಅಂತ ಕೂಗಬೇಕು. ಕೂಗಿದ ಮೇಲೆ ಮುಗಿಯಿತು. ನೆಲ ಮುಟ್ಟಿದ ಮನೆ ಮತ್ತೆ ಏಳುವುದು ಮುಂದಿನ ವರ್ಷದ ತಿಳಿಗೇ.

ಹಾಗೆ ಕೂಗುವವಳು ನಾನಾಗಿದ್ದೆ. ಇಪ್ಪತ್ತು ವರ್ಷ ಕೂಗಿದ್ದೇನೆ. ತಿಮ್ಮಾಜಮ್ಮನ ಗಂಟಲಿಗೆ ಮನೆಯಲ್ಲ, ಗುಡ್ಡವೇ ಇಳಿಯುತ್ತದೆ ಅಂತ ಜನ ಹೇಳುತ್ತಿದ್ದರು. ಹನ್ನೊಂದು ವರ್ಷದ ಹಿಂದೆ ಹನುಮಕ್ಕನ ಮನೆಯನ್ನು ನನ್ನ ಮನೆಯ ಬೀದಿಗೆ ತಂದೆವು. ಹನುಮಕ್ಕ ನನ್ನ ಗೆಳತಿ. ನಾವಿಬ್ಬರೂ ಒಂದೇ ವರ್ಷ ಈ ಊರಿಗೆ ಸೊಸೆಯರಾಗಿ ಬಂದವರು. ಅವಳು ಪಕ್ಕಕ್ಕೆ ಬರುತ್ತಾಳೆ ಅಂತ ನನಗೆ ಹಿಂದಿನ ದಿನದಿಂದ ಕಾಲು ನಿಂತಲ್ಲಿ ನಿಲ್ಲುತ್ತಿರಲಿಲ್ಲ. ಮನೆ ಬೀಸುವ ಕಲ್ಲಿನ ಹಾಗೆ ನಿಧಾನವಾಗಿ ತಿರುಗುತ್ತಿತ್ತು. ನನ್ನ ಎದುರಿಗೆ, ಊರ ಉಗ್ರಾಣದ ಸೂರಿನ ಮೇಲೆ, ಒಂದು ನಕ್ಷತ್ರ ಎಂದೂ ಬಾರದಷ್ಟು ಹತ್ತಿರ ಬಂದು ನಿಂತಿತ್ತು. ನಡುಗುತ್ತಿತ್ತು. ಇದನ್ನು ಹನುಮಕ್ಕನಿಗೆ ಬೇಗ ತೋರಿಸಬೇಕು ಅನ್ನಿಸಿತು. ಬಾಗಿಲು ಎಲ್ಲಿದೆ ಅಂತ ನೋಡದೆಯೇ “ಇಳಿಸಿ” ಅಂದುಬಿಟ್ಟೆ.

ಮನೆ ಕೂತದ್ದು ಉಗ್ರಾಣದ ಗೋಡೆಗೆ ಬಾಗಿಲು ಕೊಟ್ಟು. ಗೋಡೆಗೂ ಬಾಗಿಲಿಗೂ ಒಂದು ಗೇಣು ಅಂತರ. ನಮ್ಮೂರ ಮನೆಗಳಿಗೆ ಎರಡನೇ ಬಾಗಿಲು ಇರುವುದಿಲ್ಲ, ಇದ್ದರೆ ತಿಳಿ ನುಗ್ಗಿ ಮನೆ ಬುಗುರಿಯಾಗುತ್ತದೆ. ಗೋಡೆ ಒಡೆದು ಬಾಗಿಲು ಮಾಡಿದರೆ ಮನೆ ಮತ್ತೆಂದೂ ಏಳುವುದಿಲ್ಲ. ಹಾಗಾಗಿ ಹನುಮಕ್ಕನ ಸಂಸಾರ ಒಂದು ವರ್ಷ ಪೂರ್ತಿ ಅಡುಗೆಮನೆಯ ಕಿಟಕಿಯಲ್ಲಿ ಏಣಿ ಹಾಕಿಕೊಂಡು ಹತ್ತಿ ಇಳಿಯಿತು. ಹನುಮಕ್ಕ ನನ್ನ ಹಾಗೇ ಮೈಕೈ ತುಂಬಿಕೊಂಡವಳು. ಮಗಳನ್ನು ನೋಡಲು ಬಂದ ಗಂಡಿನ ಕಡೆಯವರು ಏಳು ಮಂದಿ ಒಬ್ಬೊಬ್ಬರಾಗಿ ಕಿಟಕಿಯಲ್ಲಿ ಇಳಿದರು. ಗಂಡಿನ ತಂದೆಯ ಪಂಚೆ ಮೊಳೆಗೆ ಸಿಕ್ಕಿ ಹಾಕಿಕೊಂಡಿತು. ಆ ಸಂಬಂಧ ಅಲ್ಲಿಗೇ ನಿಂತಿತು. ಊರು ಬಿದ್ದು ಬಿದ್ದು ನಕ್ಕಿತು.

ನಾನೇನು ಮಾಡಿದೆ? “ಬಾಗಿಲು ಸರಿಯಾಗೇ ಅದೆ, ಉಗ್ರಾಣ ಅಡ್ಡ ನಿಂತದೆ” ಅಂದೆ. ತಪ್ಪಾಯಿತು ಅನ್ನುವ ಮಾತು ನನಗೆ ಬಾಯಿಗೆ ಬರುವುದಿಲ್ಲ, ಹುಟ್ಟಿನಿಂದಲೇ ಹಾಗೆ. ಮುಂದಿನ ತಿಳಿಗೆ ಹನುಮಕ್ಕ ಮನೆಯನ್ನು ಊರಿನ ಆ ತುದಿಗೆ ತಳ್ಳಿಸಿಕೊಂಡು ಹೋದಳು. ನನ್ನನ್ನು ಯಾರೂ ಕೂಗಲು ಕರೆಯಲಿಲ್ಲ. ನಾನೂ ಯಾರ ಮನೆ ತಳ್ಳಲೂ ಹೋಗಲಿಲ್ಲ. ವರ್ಷ ವರ್ಷಕ್ಕೂ ನನ್ನ ಅಕ್ಕಪಕ್ಕದ ಒಳ್ಳೊಳ್ಳೆಯ ಮನೆಗಳು ಬೇರೆಡೆಗೆ ಹೋದವು. ಯಾವ ಬೀದಿಗೂ ಬೇಡವಾದವರು ಬಂದು ಕೇಳಿದಾಗ ನಾನು ಒಲ್ಲದ ಮನಸ್ಸಿನಿಂದ “ಬಾ” ಅಂದೆ, ಅವರು ನನ್ನ ಬೀದಿಗೆ ಬಂದರು. ಬಲಕ್ಕೆ ಸೀಬಯ್ಯ, ಐವತ್ತನೇ ವಯಸ್ಸಿನಲ್ಲಿ ವಾಲಗ ಊದಲು ಕಲಿಯುತ್ತಿರುವವನು, ಒಂದೇ ರಾಗ, ಅದೂ ಅರ್ಧ. ಎಡಕ್ಕೆ ಖಾರದಪುಡಿ ಗಿರಣಿಯ ಜವರಮ್ಮ. ನಾನು ಅಂದಿನಿಂದ ಅರ್ಧ ರಾಗ ಕೇಳುತ್ತ ಸೀನುತ್ತಿದ್ದೇನೆ.

ಈ ವರ್ಷ ಹುಣಸೆ ಬಡಿಯುವಾಗ ಸಂತೆಯಲ್ಲಿ ಹನುಮಕ್ಕನನ್ನು ಕಂಡೆ. ಬದನೆಕಾಯಿಯವಳ ಜೊತೆ ಏನೋ ಹೇಳಿಕೊಂಡು, ಹೊಟ್ಟೆ ಹಿಡಿದು ನಗುತ್ತಿದ್ದಳು. ಆ ನಗು ನನ್ನದಾಗಿತ್ತು. ನನ್ನ ಮಾತಿಗೆ ಬರುತ್ತಿದ್ದ ನಗು ಅದು. ಮನೆಗೆ ಬಂದವಳೇ ಮುದ್ದಣ್ಣನಿಗೆ ಹೇಳಿದೆ: “ಈ ಸಲ ನಮ್ಮನೆ ಹನುಮಿ ಪಕ್ಕಕ್ಕೆ ಹೋಗಬೇಕು.” ಅವನು ನಾರು ಹೊಸೆಯುವುದನ್ನು ನಿಲ್ಲಿಸಲಿಲ್ಲ. “ಹನ್ನೊಂದು ವರ್ಷ ಆಯ್ತು, ಇವತ್ತು ನೆಪ್ಪಾಯ್ತಾ?” ಅಂದ. ನೆನಪು ದಿನಾ ಇತ್ತು. ಹೇಳಲಿಲ್ಲ ಅಷ್ಟೆ.

ತಿಳಿ ಇಳಿದ ಮೊದಲ ದಿನ ಹನ್ನೆರಡು ಮಂದಿಯನ್ನು ಹುಡುಕಿಕೊಂಡು ಹಗ್ಗ ಹಿಡಿದು ಹೊರಟೆ. ದೊಡ್ಡಬೀದಿಯಲ್ಲಿ ಒಬ್ಬರು ಬೆನ್ನುನೋವು ಅಂದರು. ತಿಳಿಯಲ್ಲಿ ಯಾರಿಗೂ ಬೆನ್ನುನೋವು ಇರುವುದಿಲ್ಲ, ತೊಂಬತ್ತು ವರ್ಷದ ಮುದುಕರು ಸೂರಿನ ಮೇಲೆ ಕೂತು ಎಲೆಅಡಿಕೆ ಹಾಕುತ್ತಿರುತ್ತಾರೆ. ಇನ್ನೊಬ್ಬರು, “ತಳ್ತೀವಿ ಕಣಕ್ಕ, ಆದ್ರೆ ಎತ್ತಾಗ್ ಇಳಿಸಬೇಕು? ಗೋಡೆ ಕಡೀಕಾ?” ಅಂತ ಕೇಳಿ ಹೆಂಡತಿಯ ಮುಖ ನೋಡಿ ನಕ್ಕರು. ಸಂಜೆಗೆ ಮನೆಗೆ ಬಂದಾಗ ಬೆರಳು ಮಡಿಸಿ ಎಣಿಸಲು ಒಬ್ಬರ ಹೆಸರೂ ಇರಲಿಲ್ಲ.

ಜಗುಲಿಯ ಹತ್ತಿರ ಜವರಮ್ಮ ತನ್ನ ಕಿಟಕಿಯ ಸರಳು ಹಿಡಿದು ತೇಲುತ್ತಿದ್ದಳು. “ಊರೆಲ್ಲ ಕೇಳ್ಕಂಡ್ ಬಂದ್ರಂತೆ. ನಮ್ಮನ್ ಯಾಕ್ ಕೇಳ್ನಿಲ್ಲ?”

“ನೀವು ಬತ್ತೀರಾ?”

“ಬರ್ದೆ ಏನು? ಗಿರಣೀಲಿ ಕೆಲಸ ಮಾಡೋರು ಆರು ಜನ ಅವ್ರೆ. ಸೀಬಣ್ಣನೂ ಸೇರಿ ವಾಲಗದೋರು ಐವರು. ನಾನೊಬ್ಳು. ಹನ್ನೆರಡಾಯ್ತು.”

ಸೀಬಯ್ಯ ತನ್ನ ಮನೆಯೊಳಗಿಂದಲೇ ಕೂಗಿದ: “ದಿನಾ ಬೆಳಿಗ್ಗೆ ನನ್ ವಾಲಗ ಕೇಳಿ ಬಯ್ಯೋರು ನೀವೊಬ್ರೇ ಕಣಕ್ಕ. ಉಳ್ದೋರು ಕಿಟಕಿ ಹಾಕ್ಕತಾರೆ. ನಿಮಗಲ್ದೆ ಇನ್ಯಾರಿಗೆ ತಳ್ಳಾನ?” ನನಗೆ ಆ ಹೊತ್ತು ನಾಚಿಕೆಯಾಯಿತು. ಇಷ್ಟು ವರ್ಷದಲ್ಲಿ ಅವರ ಮನೆಗೆ ಒಂದು ದಿನ ಒಂದು ಬಟ್ಟಲು ಸಾರು ಕೊಟ್ಟವಳಲ್ಲ ನಾನು.

ಎರಡನೇ ದಿನ ಹನುಮಕ್ಕನ ಮನೆಗೆ ಹೋದೆ. ಅವಳು ಜಗುಲಿಯಲ್ಲಿ ಕೂತು ಹುಣಸೆಹಣ್ಣಿನ ಬೀಜ ಬಿಡಿಸುತ್ತಿದ್ದಳು. ಬೀಜಗಳು ಮೇಲಕ್ಕೆ ಹೋಗದಂತೆ ಹಳೆಯ ಸೊಳ್ಳೆಪರದೆಯನ್ನು ತಲೆಯ ಮೇಲಿಂದ ಹೊದ್ದುಕೊಂಡಿದ್ದಳು. ಪರದೆಯೊಳಗೆ ಬೀಜಗಳು ಅವಳ ಕಿವಿ, ಮೂಗಿನ ಸುತ್ತ ಕಪ್ಪಗೆ ತೇಲುತ್ತಿದ್ದವು. ಕೂದಲು ನೆರೆತಿತ್ತು. ನನ್ನನ್ನು ಕಂಡು, “ಬನ್ನಿ ತಿಮ್ಮಾಜಮ್ಮೋರೇ” ಅಂದಳು. ಅವಳು ನನ್ನನ್ನು ಬಹುವಚನದಲ್ಲಿ ಮಾತಾಡಿಸಿದ್ದು ಜೀವನದಲ್ಲೇ ಮೊದಲು.

“ನಿನ್ ಪಕ್ಕದ ಜಾಗ ಖಾಲಿ ಅದಲ್ಲಾ” ಅಂದೆ.

“ಅದೆ.”

“ನಾನು ಬರಾನ ಅಂತ.”

ಅವಳು ಇನ್ನೆರಡು ಹಣ್ಣು ಬಿಡಿಸಿದಳು. ನಾನು ಮಾತು ಮುಂದುವರಿಸಿದೆ. ಅವತ್ತು ನಕ್ಷತ್ರ ಹತ್ತಿರ ಬಂದಿತ್ತು, ಯಾರಾಗಿದ್ದರೂ ನೋಡುತ್ತಿದ್ದರು, ಉಗ್ರಾಣವನ್ನು ಅಲ್ಲಿ ಕಟ್ಟಿದವರದೂ ತಪ್ಪಿದೆ ಅಂತೆಲ್ಲ ಹೇಳಿದೆ. ಹೇಳುತ್ತ ಹೇಳುತ್ತ ನನಗೇ ಕೇಳಿಸುತ್ತಿತ್ತು, ಇದು ಸರಿಹೋಗುತ್ತಿಲ್ಲ ಅಂತ. ಬಾಯಿ ಮಾತ್ರ ನಿಲ್ಲಲಿಲ್ಲ.

ಹನುಮಕ್ಕ ಪರದೆ ಸರಿಸಿದಳು. ಬೀಜಗಳೆಲ್ಲ ಬಿಡುಗಡೆಯಾಗಿ ನಮ್ಮಿಬ್ಬರ ನಡುವೆ ಮೇಲಕ್ಕೆ ಹೊರಟವು. “ಮನೆ ಗೋಡೆಗೆ ಕೂತಿದ್ಕೆ ನಂಗೆ ಸಿಟ್ಟಿಲ್ಲ ಕಣ್ರೀ. ಮನೆ ಅಂದ್ಮೇಲೆ ಎತ್ತಾಗೋ ಕೂರ್ತದೆ. ಮಗಳಿಗೂ ಆಮೇಲೆ ಒಳ್ಳೇ ಸಂಬಂಧವೇ ಆಯ್ತು. ಆದ್ರೆ ಒಂದು ವರ್ಷ ನಾನು ಆ ಕಿಟಕೀಲಿ ಹತ್ತಿ ಇಳ್ದೆ. ಪಕ್ಕದ ಮನೇಲೇ ಇದ್ರಿ ನೀವು. ಒಂದ್ ದಿನ, ಒಂದೇ ಒಂದ್ ದಿನ ನೀವೂ ಆ ಏಣಿ ಹತ್ತಿ ಒಳಕ್ ಬಂದು ನನ್ ಜೊತೆ ಕೂತಿದ್ರೆ, ನಾನು ಎಲ್ಲಾನೂ ಮರ್ತು ನಗ್ತಿದ್ದೆ.”

ನಾನು ಹೋಗಿರಲಿಲ್ಲ. ಕಿಟಕಿ ಹತ್ತಿದರೆ ತಪ್ಪು ಒಪ್ಪಿದ ಹಾಗೆ ಅಂತ ಹೋಗಿರಲಿಲ್ಲ. ಇದನ್ನು ಅವಳು ಬಲ್ಲಳು ಅಂತ ನನಗೆ ಗೊತ್ತಿರಲಿಲ್ಲ.

“ಈಗ ಹತ್ತುತೀನಿ,” ಅಂದು ಸೆರಗು ಸಿಕ್ಕಿಸಿಕೊಂಡೆ. “ಅದೇ ಕಿಟಕಿ ಅಲ್ವಾ? ಎಲ್ಲದೆ ತೋರ್ಸು.”

“ಈಗಾ?” ಅವಳು ನಗು ತಡೆದಳೋ ಅಳು ತಡೆದಳೋ ತಿಳಿಯಲಿಲ್ಲ. “ತಿಳೀಲಿ ಎಮ್ಮೇನೂ ಹತ್ತುತದೆ. ತಿಳಿ ಹೋಗ್ಲಿ. ಭಾರದ ದಿನ ಬನ್ನಿ.”

ತಿಳಿ ಎದ್ದು ಹೋದ ಮಾರನೇ ದಿನವನ್ನು ನಾವು ಭಾರದ ದಿನ ಅನ್ನುತ್ತೇವೆ. ಐದು ದಿನ ಹಗುರವಾಗಿದ್ದ ಮೈ ಅವತ್ತು ಎರಡು ಪಟ್ಟು ತೂಗುತ್ತದೆ. ಯಾರೂ ಒಲೆ ಹಚ್ಚುವುದಿಲ್ಲ, ಯಾರೂ ಏಳುವುದಿಲ್ಲ, ನಾಯಿಯೂ ಬೊಗಳುವುದಿಲ್ಲ. ಹಿಂದಿನ ದಿನ ಕಟ್ಟಿಟ್ಟ ಬುತ್ತಿಯನ್ನು ಮಲಗಿದಲ್ಲೇ ತಿನ್ನುತ್ತೇವೆ.

“ಆವಾಗ ಮನೆ ಏಳಕಿಲ್ವಲ್ಲೇ,” ಅಂದೆ. “ಇನ್ನೊಂದ್ ವರ್ಷ ಕಾಯ್ಬೇಕಾಗ್ತದೆ.”

“ಅದು ನಿಮ್ಮಿಷ್ಟ,” ಅಂದು ಅವಳು ಪರದೆ ಹೊದ್ದುಕೊಂಡಳು.

ಮೂರನೇ ದಿನ, ನಾಲ್ಕನೇ ದಿನ ನಾನು ಮನೆಯೊಳಗೇ ಇದ್ದು ಎಲ್ಲರ ಮೇಲೂ ಹರಿಹಾಯ್ದೆ. ಐದನೇ ದಿನ ಬೆಳಿಗ್ಗೆ ಹನ್ನೆರಡು ಮಂದಿ ನನ್ನ ಮನೆಯ ಸುತ್ತ ಬಂದು ನಿಂತರು. ಗಿರಣಿಯವರ ರೆಪ್ಪೆಯೆಲ್ಲ ಖಾರದಪುಡಿಯಿಂದ ಕೆಂಪಗಿತ್ತು. ವಾಲಗದವರು ಸಂಭ್ರಮಕ್ಕೆ ವಾದ್ಯವನ್ನೂ ತಂದಿದ್ದರು. ಮುದ್ದಣ್ಣ ಮೂಲೆಮೂಲೆಗೂ ಹೊಸ ಹಗ್ಗ ಕಟ್ಟಿದ್ದ. ಅವನು ಹತ್ತಿರ ಬಂದು ಮೆಲ್ಲಗೆ ಹೇಳಿದ: “ಹನುಮಕ್ಕನ ಬೀದಿ ಹಿಂದೆ ಬಯಲದೆ. ಅದು ಯಾರ ಜಾಗಾನೂ ಅಲ್ಲ, ಯಾರೂ ಬಾ ಅನ್ಬೇಕಿಲ್ಲ. ಅಲ್ಲಿಗೆ ಹೋಗ್ಬಿಡಾನ. ಹತ್ರ ಆದ್ರೆ ದಿನಾ ಮುಖ ನೋಡ್ತಾಳೆ, ಒಂದಲ್ಲ ಒಂದಿನ ಮಾತಾಡ್ತಾಳೆ.”

ಒಳ್ಳೆಯ ಉಪಾಯ. ನಾನು ಬಗ್ಗಬೇಕಾಗಿರಲಿಲ್ಲ, ಅವಳು ಕರೆಯಬೇಕಾಗಿರಲಿಲ್ಲ. ಅಲ್ಲಿ ಹೋಗಿ ಕೂತರೆ ಅವಳ ಅಡುಗೆಮನೆಯ ಹೊಗೆ ನನ್ನ ಅಂಗಳಕ್ಕೆ ಬರುತ್ತಿತ್ತು. ಸೀಬಯ್ಯ ಆಗಲೇ ಗೋಡೆಗೆ ಭುಜ ಕೊಟ್ಟಿದ್ದ. ಮನೆ ಅಲುಗಾಡಿತು, ಒಂದು ಮಾರು ಮುಂದಕ್ಕೂ ಹೋಯಿತು. ತಲೆಯ ಮೇಲೆ ನಕ್ಷತ್ರಗಳು ಬೆಳ್ಳಗೆ ತುಂಬಿದ್ದವು. ಅವುಗಳ ನಡುವಿನದೆಲ್ಲ ಕೆಳಗೆ ಬಂದು ನಮ್ಮ ಸುತ್ತ ನಿಂತಿತ್ತು. ಅಷ್ಟೊಂದು ದೂರದ ನಡುವೆ ಇರುವಂಥದು ಇಷ್ಟು ಹತ್ತಿರ ಬರಬಹುದು, ನಾನು ಒಂದು ಕಿಟಕಿ ಹತ್ತಲಾರೆನೇ ಅನ್ನಿಸಿತು. ಅವಳು ಕರೆಯದೆ ಅವಳ ಬೆನ್ನ ಹಿಂದೆ ಹೋಗಿ ಕೂತರೆ ಅದು ಇನ್ನೊಂದು ಸಲ ಬಾಗಿಲು ನೋಡದೆ ಇಳಿಸಿದ ಹಾಗೆ.

“ಕೈ ತೆಗೀರಪ್ಪ,” ಅಂದೆ. “ಮನೆ ಇಲ್ಲೇ ಇರ್ಲಿ.”

ಜವರಮ್ಮ ಕಣ್ಣು ಬಿಟ್ಟಳು. “ಇನ್ನೊಂದ್ ವರ್ಷ ನಿಮ್ಗೆ ಸೀನು ತಪ್ಪಕಿಲ್ಲ ನೋಡಿ!”

“ಸೀನ್ತೀನಿ. ಬನ್ನಿ ಒಳಕ್ಕೆ, ಎಲ್ರೂ ಬನ್ನಿ.”

ಅವತ್ತು ಹನ್ನೆರಡು ಮಂದಿಗೂ ಒಬ್ಬಟ್ಟು ಮಾಡಿದೆ. ತಿಳಿಯಲ್ಲಿ ಒಬ್ಬಟ್ಟು ಮಾಡುವುದು ಸುಲಭವಲ್ಲ. ಹೆಂಚಿನಿಂದ ಎದ್ದದ್ದು ತಟ್ಟೆಗೆ ಬಾರದೆ ತೊಲೆಗೆ ಹೋಗಿ ಅಂಟುತ್ತದೆ. ಮುದ್ದಣ್ಣ ತೊಲೆಯ ಹತ್ತಿರ ತೇಲುತ್ತ ಒಂದೊಂದನ್ನೇ ಹಿಡಿದು ಕೆಳಗೆ ಎಸೆದ. ವಾಲಗದವರು ಬಾಯಲ್ಲೇ ಹಿಡಿದರು. ತುಪ್ಪ ಮಣಿಗಳಾಗಿ ಮನೆತುಂಬ ಓಡಾಡಿತು, ಗಿರಣಿಯ ಹೆಣ್ಣುಮಕ್ಕಳು ಅದರ ಹಿಂದೆ ಒಬ್ಬಟ್ಟು ಹಿಡಿದು ಓಡಿದರು. ಸೀಬಯ್ಯ ತನ್ನ ಅರ್ಧ ರಾಗ ಊದಿದ. ನಾನು ಬೈದೆ, ಎಲ್ಲರೂ ನಕ್ಕರು. ಇಷ್ಟು ವರ್ಷ ಈ ಜನ ನನ್ನ ಅಕ್ಕಪಕ್ಕದಲ್ಲೇ ಇದ್ದರಲ್ಲ ಅಂತ ಸಂತೋಷವೂ ಆಯಿತು, ಒಂದು ದಿನವೂ ಒಳಕ್ಕೆ ಕರೆಯಲಿಲ್ಲವಲ್ಲ ಅಂತ ಸಂಕಟವೂ ಆಯಿತು. ಹೊತ್ತು ಇಳಿಯುವಾಗ ತಿಳಿ ಎದ್ದಿತು. ಮನೆ ಮೆಲ್ಲಗೆ ನೆಲಕ್ಕೆ ಕೂತಿತು, ಮೊದಲಿಗಿಂತ ಒಂದು ಮಾರು ಮುಂದೆ.

ಮಾರನೇ ದಿನ ಕಣ್ಣು ಬಿಟ್ಟಾಗ ರೆಪ್ಪೆಯೇ ಒಂದೊಂದು ಸೇರು ತೂಗುತ್ತಿತ್ತು. ಮುದ್ದಣ್ಣ ಪಕ್ಕದಲ್ಲಿ ದಿಂಡಿನ ಹಾಗೆ ಬಿದ್ದಿದ್ದ. “ಎಲ್ಲಿಗೆ?” ಅಂತ ಕೇಳಲು ಅವನು ಬಾಯಿ ತೆಗೆಯುವಷ್ಟರಲ್ಲಿ ನಾನು ಹೊಸಿಲು ದಾಟಿದ್ದೆ. ಹನುಮಕ್ಕನ ಮನೆ ಬೇರೆ ದಿನವಾದರೆ ಎಲೆಅಡಿಕೆ ಜಗಿದು ಮುಗಿಸುವಷ್ಟು ದಾರಿ. ಅವತ್ತು ಬೆಳಿಗ್ಗೆಯೆಲ್ಲ ಹಿಡಿಯಿತು. ಹತ್ತು ಹೆಜ್ಜೆಗೊಮ್ಮೆ ಕೂತೆ. ಜಗುಲಿಗಳ ಮೇಲೆ ಜನ ಅಂಗಾತ ಮಲಗಿದ್ದರು, ಯಾರಿಗೂ ತಲೆ ಎತ್ತಲಾಗದು, ಬರೀ ಕಣ್ಣುಗುಡ್ಡೆಗಳು ನನ್ನ ಹಿಂದೆ ಬಂದವು. ಬೆನ್ನುನೋವು ಅಂದಿದ್ದ ಮಹರಾಯರಿಗೆ ಅವತ್ತು ನಿಜವಾಗಿಯೂ ಬೆನ್ನುನೋವು ಬಂದಿತ್ತು.

ಹನುಮಕ್ಕನ ಮನೆಯ ಗೋಡೆಗೆ ಏಣಿ ಒರಗಿಸಿತ್ತು. ಭಾರದ ದಿನ ಯಾರೂ ಏಣಿ ಎತ್ತಿ ಇಡಲಾರರು. ಹಿಂದಿನ ದಿನವೇ, ತಿಳಿ ಇರುವಾಗಲೇ ಇಟ್ಟಿದ್ದಳು. ಆರು ಮೆಟ್ಟಿಲು. ಒಂದೊಂದಕ್ಕೂ ಮನೆದೇವರನ್ನು ಕರೆದೆ. ತಲೆ ಕಿಟಕಿಯೊಳಗೆ ಹೋಯಿತು, ಭುಜ ಹೋಯಿತು, ಎದೆ ಹೋಯಿತು. ಸೊಂಟ ಹೋಗಲಿಲ್ಲ. ಹಿಂದಕ್ಕೂ ಬರಲಿಲ್ಲ.

ಒಳಗೆ ಹನುಮಕ್ಕ ಒಲೆಯ ಪಕ್ಕ ಚಾಪೆಯ ಮೇಲೆ ಮಲಗಿದ್ದಳು. ಕಣ್ಣು ತೆರೆದು ನನ್ನನ್ನೇ ನೋಡುತ್ತಿದ್ದಳು. ತೆವಳಿಕೊಂಡು ಬಂದು ಕಿಟಕಿಯ ಕೆಳಗೆ ಗೋಡೆಗೆ ಭುಜ ಆನಿಸಿ, ಮುಖ ಎತ್ತಿ ಕೂತಳು. ಈಗ ನನ್ನ ಮುಖ ಅವಳ ಮುಖಕ್ಕೆ ಒಂದು ಮೊಳ ದೂರ. ತಿರುಗಿಸಿಕೊಳ್ಳೋಣ ಅಂದರೆ ಎಲ್ಲಿಗೂ ಜಾಗವಿಲ್ಲ.

“ತಪ್ಪಾಯ್ತು ಕಣೇ ಹನುಮಿ,” ಅಂದೆ. “ಬಾಗಿಲು ನೋಡ್ನಿಲ್ಲ. ನಂದೇ ತಪ್ಪು. ಆಮೇಲೆ ಬರ್ನಿಲ್ಲ, ಅದು ಅದಕ್ಕಿಂತ ದೊಡ್ ತಪ್ಪು.”

ಮೊದಲು ಅವಳ ಗದ್ದ ನಡುಗಿತು. ಆಮೇಲೆ ಹೊಟ್ಟೆ ಕುಲುಕಲು ಶುರುವಾಯಿತು. ಭಾರದ ದಿನ ನಗುವುದು ಹಿಂಸೆ, ಒಂದೊಂದು ನಗುವೂ ಎದೆಯ ಮೇಲೆ ಮೂಟೆಯಾಗಿ ಬೀಳುತ್ತದೆ. ಆದರೂ ನಕ್ಕಳು, ಕಣ್ಣಲ್ಲಿ ನೀರು ಬರುವಂತೆ ನಕ್ಕಳು. “ಲೇ ತಿಮ್ಮಿ, ಆ ಬೀಗರು ಪಂಚೆ ಸಿಕ್ಕುಸ್ಕಂಡ್ರಲ್ಲ, ಅವರೂ ಹಿಂಗೇ ನೇತಾಡ್ತಿದ್ರು ಕಣೇ! ಇಷ್ಟು ದಿನ ಇದ್ನ ಹೇಳ್ಕಂಡ್ ನಗಕ್ಕೆ ನಂಗೆ ಯಾರೂ ಇರ್ನಿಲ್ಲ.” ನಾನೂ ನಕ್ಕೆ. ನಕ್ಕಾಗ ಸೊಂಟ ಇನ್ನಷ್ಟು ಬಿಗಿಯಾಯಿತು.

ಹಾಗೇ ಅರ್ಧ ಒಳಗೆ ಅರ್ಧ ಹೊರಗೆ ನೇತಾಡುತ್ತ ಹನ್ನೊಂದು ವರ್ಷದ ಮಾತಾಡಿದೆ. ಅವಳ ಮಗಳ ಬಾಣಂತನ, ನನ್ನ ಮಂಡಿನೋವು, ಊರವರೆಲ್ಲರ ವಿಷಯ. ಬುತ್ತಿಯನ್ನು ಅವಳು ತುತ್ತು ಮಾಡಿ ನನ್ನ ಬಾಯಿಗೆ ಇಟ್ಟಳು. ಕೈ ಎತ್ತಲು ಆಗದೆ ಒಂದೊಂದು ತುತ್ತಿಗೂ “ಅಯ್ಯಪ್ಪಾ” ಅಂದಳು.

ಮಧ್ಯಾಹ್ನ ಕಳೆದ ಮೇಲೆ ಬೆನ್ನ ಹಿಂದೆ ಏದುಸಿರು ಕೇಳಿಸಿತು. ಮುದ್ದಣ್ಣ, ಸೀಬಯ್ಯ, ಜವರಮ್ಮ ಕಾಲೆಳೆದುಕೊಂಡು ಅಲ್ಲಿಯವರೆಗೆ ಬಂದಿದ್ದರು. ನನಗೆ ಅವರು ಕಾಣುತ್ತಿರಲಿಲ್ಲ, ಅವರಿಗೆ ನನ್ನ ಹಿಂಭಾಗವಷ್ಟೇ ಕಾಣುತ್ತಿತ್ತು. ಜವರಮ್ಮ ನಕ್ಕಳು, ಮುದ್ದಣ್ಣ ಏಣಿಗೆ ಕೈ ಹಚ್ಚಿದ.

“ಹನುಮಕ್ಕಾ,” ಅಂತ ಹೊರಗಿಂದಲೇ ಕೂಗಿದ, “ಇವಳನ್ನ ಹೊರಕ್ಕೆ ಎಳೀಲಾ, ಒಳಕ್ಕೆ ತಳ್ಳಲಾ?”

ಹನುಮಕ್ಕ ಗೋಡೆ ಹಿಡಿದು, ನರಳಿಕೊಂಡು, ಎದ್ದು ನಿಂತಳು. ನನ್ನ ಎರಡೂ ಕೈ ಹಿಡಿದುಕೊಂಡಳು.

“ಒಳಕ್ಕೆ ತಳ್ಳಣ್ಣಾ,” ಅಂದಳು. “ಹೊರಗೆ ಬಿಟ್ಟಿದ್ದು ಸಾಕು.”